ಬಿಳಿ ಕಲ್ಲಿನ ಬಳಿ ಹನ್ನೆರಡು ಅಡಿ ಹಿಂದಕ್ಕೆ

ಬೆಳಗಿನ ಐದು ಇಪ್ಪತ್ತು. ಗುಡ್ಡದ ಮೇಲಿನ ಆರೋಗ್ಯ ಉಪಕೇಂದ್ರದ ಪಕ್ಕದಲ್ಲಿ, ತಗಡಿನ ಚಾವಣಿಯ ಕೆಳಗೆ, ಐವತ್ನಾಲ್ಕು ವರ್ಷದ ಹೆಂಗಸೊಬ್ಬರು ಜೀಪಿನ ಮುಂದಿನ ಚಕ್ರದ ಎದುರು ಕುಕ್ಕರುಗಾಲಲ್ಲಿ ಕೂತಿದ್ದಾರೆ. ಮಳೆ ಸುರಿದು ಸುರಿದು ಈಗ ತಾನೇ ನಿಂತಿದೆ. ಬಾಯಲ್ಲಿ ಟಾರ್ಚು ಕಚ್ಚಿಕೊಂಡು, ಚಕ್ರದ ನಡುಮಧ್ಯೆ ಇರುವ ಬಿಲ್ಲೆಯಂಥ ತಿರುಗಣೆಯನ್ನು ಮೂರು ಬೆರಳಲ್ಲಿ ಹಿಡಿದು ತಿರುಗಿಸುತ್ತಾರೆ. ಒಳಗೆಲ್ಲೋ ಟಕ್ ಅನ್ನುತ್ತದೆ. ಸೊಂಟ ಹಿಡಿದುಕೊಂಡು ಎದ್ದು, ಆ ಕಡೆಯ ಚಕ್ರಕ್ಕೆ ಹೋಗಿ ಅದನ್ನೂ ತಿರುಗಿಸುತ್ತಾರೆ. ಅಲ್ಲಿ ಸದ್ದಿಲ್ಲ. ಟಾರ್ಚು ಬಾಯಿಂದ ತೆಗೆದು, ಚಕ್ರಕ್ಕೇ ಹೇಳುತ್ತಾರೆ: "ಏಳೇ ತಾಯಿ, ನಿನಗೊಬ್ಬಳಿಗೇ ನಿದ್ದೆ ಬರೋದಾ?" ಇನ್ನೊಮ್ಮೆ ತಿರುಗಿಸಿದಾಗ ಅದೂ ಟಕ್ ಅನ್ನುತ್ತದೆ.

"ಈ ಸದ್ದು ಕೇಳಿಸ್ಕೊಳ್ದೆ ಹೊರಟ್ರೆ ಮುಗೀತು. ಒಳಗೆ ಕೂತು ಎಷ್ಟು ಗೇರ್ ಎಳೆದ್ರೂ ಮುಂದಿನ ಚಕ್ರಕ್ಕೆ ಸುದ್ದೀನೇ ಮುಟ್ಟಲ್ಲ. ಮೇಲೆ ದೀಪ ಉರೀತಿರುತ್ತೆ, ನಾಲ್ಕೂ ಚಕ್ರ ಎಳೀತಿದೆ ಅಂತ ನಾವು ನಂಬ್ಕೊಂಡಿರ್ತೀವಿ, ಎಳೀತಿರೋದು ಎರಡೇ," ಅನ್ನುತ್ತಾ ಕೈ ಒರೆಸಿಕೊಳ್ಳುತ್ತಾರೆ.

ಅಷ್ಟರಲ್ಲಿ ಛತ್ರಿ ಹಿಡಿದು ಒಬ್ಬೊಬ್ಬರೇ ಬರುತ್ತಾರೆ. ನಿವೃತ್ತ ಮೇಷ್ಟ್ರು, ಅವರ ಹಿಂದೆ ಬಡಗಿ, ಕೊನೆಗೆ ಅಂಗಡಿಯಮ್ಮ. ಮೂವರದ್ದೂ ಕಿಡ್ನಿ ಕೈಕೊಟ್ಟಿದೆ. ವಾರಕ್ಕೆ ಮೂರು ದಿನ ಕೆಳಗಿನ ಪೇಟೆಯ ಆಸ್ಪತ್ರೆಗೆ ಹೋಗಿ ನಾಲ್ಕು ಗಂಟೆ ಡಯಾಲಿಸಿಸ್ ಯಂತ್ರಕ್ಕೆ ಕೈ ಒಡ್ಡಿ ಮಲಗಬೇಕು. ಏಳೂವರೆಗೆ ಅಲ್ಲಿರಬೇಕು, ಎಂಟು ದಾಟಿದರೆ ಆ ಹಾಸಿಗೆ ಬೇರೆಯವರದ್ದು. ಉಪಕೇಂದ್ರದ ದಾದಿ, ಎಲ್ಲರ ಬಾಯಲ್ಲೂ 'ಸಿಸ್ಟರ್', ಮೂವರ ರಕ್ತದೊತ್ತಡ ನೋಡಿ ಚೀಟಿಯಲ್ಲಿ ಬರೆದುಕೊಳ್ಳುತ್ತಾಳೆ. ಇದು ಆ ಮೂರು ದಿನವೂ ನಡೆಯುವ ಕ್ರಮ. ಇವತ್ತು ಮಾತ್ರ ಒಂದು ವ್ಯತ್ಯಾಸವಿದೆ. ಚಕ್ರದ ಕೆಲಸ ಮುಗಿಸಿದ ಈ ಡ್ರೈವರಮ್ಮ ಸ್ಟೀರಿಂಗ್ ಕಡೆಯ ಬಾಗಿಲಿಗೆ ಹೋಗಲಿಲ್ಲ. ಅದ್ಯಾಕೆ ಅನ್ನೋದನ್ನು ಕೊನೆಗೆ ಹೇಳೋಣ.

ಗುಡ್ಡದ ಮೇಲಿನ ನೂರಾ ಹತ್ತು ಮನೆಗಳಿಗೂ ಇವರು 'ರಿವರ್ಸ್ ಅಕ್ಕ'. ಹೆಸರಿಟ್ಟದ್ದು ಶಾಲೆಯ ಮಕ್ಕಳು. ಗುಡ್ಡದಿಂದ ಪೇಟೆಗೆ ಹದಿನೇಳು ಕಿಲೋಮೀಟರ್. ಮೊದಲ ಆರು ಬರೀ ಮಣ್ಣು, ಮಳೆಗಾಲದಲ್ಲಿ ಬರೀ ಕೆಸರು. ಆಮೇಲೆ ಡಾಂಬರು. ಕೆಸರು ಮುಗಿದು ಡಾಂಬರು ಶುರುವಾಗುವ ಕಡೆ ಸುಣ್ಣ ಬಳಿದ ಒಂದು ಕಲ್ಲಿದೆ. ಕೆಟ್ಟ ದಾರಿ ದಾಟಿದ ಖುಷಿಗೆ ಬೇರೆ ಯಾರೇ ಆಗಲಿ ಅಲ್ಲಿಂದ ಭರ್ರನೆ ಹೊರಡುತ್ತಾರೆ. ಇವರು ನಿಲ್ಲಿಸುತ್ತಾರೆ. ನಿಲ್ಲಿಸಿ, ಬಂದ ದಾರಿಗೇ ಹನ್ನೆರಡು ಅಡಿ ಹಿಂದಕ್ಕೆ ಹೋಗುತ್ತಾರೆ. ಹೊಸಬರು ಯಾರಾದರೂ ಜೀಪಿನಲ್ಲಿದ್ದರೆ, "ಏನಾದ್ರೂ ಬಿದ್ಹೋಯ್ತಾ?" ಅಂತ ಕೇಳದೆ ಇರುವುದಿಲ್ಲ.

ಇವರ ಗಂಡ ಮನೆಯಲ್ಲೇ ಹೊಲಿಗೆ ಯಂತ್ರ ಇಟ್ಟುಕೊಂಡಿರುವ ದರ್ಜಿ. ಅಳತೆ ಅಂದರೆ ಅವರಿಗೆ ಪ್ರಾಣ. ಕಿವಿಯ ಮೇಲಿನ ಸೀಸದಕಡ್ಡಿ ತೆಗೆದು ಅವರು ಒಂದು ಲೆಕ್ಕ ಹಾಕಿಟ್ಟಿದ್ದಾರೆ. "ಮಳೆಗಾಲದಲ್ಲಿ ವರ್ಷಕ್ಕೆ ಅರವತ್ತೈದು ಸಲ, ಸಲಕ್ಕೆ ಹನ್ನೆರಡು ಅಡಿ, ಹನ್ನೊಂದು ವರ್ಷ. ನನ್ನ ಹೆಂಡ್ತಿ ಈವರೆಗೆ ಎರಡೂವರೆ ಕಿಲೋಮೀಟರ್ ಹಿಂದಕ್ಕೇ ಹೋಗಿದ್ದಾಳೆ. ಮನೇಲಿ ಮಾತ್ರ ಒಂದು ಮಾತಾಡಿದ್ರೆ ಒಂದಿಂಚೂ ಹಿಂದೆ ಸರಿಯಲ್ಲ." ಹೆಂಡತಿ ಮೂಗು ಮುರಿಯುತ್ತಾರೆ, ಲೆಕ್ಕ ತಪ್ಪು ಅನ್ನುವುದಿಲ್ಲ.

ಈ ಹನ್ನೆರಡು ಅಡಿ ಯಾಕೆ ಅಂತ ತಿಳಿಯಬೇಕಾದರೆ ಜೀಪಿನೊಳಗೆ ಒಮ್ಮೆ ಕಣ್ಣಾಡಿಸಬೇಕು. ದೊಡ್ಡ ಗೇರಿನ ಪಕ್ಕದಲ್ಲಿ ಇನ್ನೊಂದು ಚಿಕ್ಕ ಗೇರಿದೆ. ಅದರ ಕೆಳಗಿರುವ ಟ್ರಾನ್ಸ್‌ಫರ್ ಕೇಸ್ ಅನ್ನುವ ಕಬ್ಬಿಣದ ಪೆಟ್ಟಿಗೆ, ಎಂಜಿನ್ನಿನ ಶಕ್ತಿಯನ್ನು ಮುಂದಕ್ಕೂ ಹಿಂದಕ್ಕೂ ಹಂಚುತ್ತದೆ. ಚಿಕ್ಕ ಗೇರು ಒಂದು ಕಡೆ ಇದ್ದರೆ ಹಿಂದಿನ ಎರಡೇ ಚಕ್ರ ಎಳೆಯುತ್ತವೆ, ಇನ್ನೊಂದು ಕಡೆ ಹಾಕಿದರೆ ನಾಲ್ಕೂ ಎಳೆಯುತ್ತವೆ, ಅದು 'ಹೈ', ಇನ್ನೂ ಆಚೆಗೆ ಒತ್ತಿದರೆ 'ಲೋ', ಅಂದರೆ ನಾಲ್ಕೂ ಚಕ್ರ ನಿಧಾನಕ್ಕೆ, ಆದರೆ ಭಾರೀ ಬಲದಿಂದ. ಇದರ ಜೊತೆಗೆ ಹಿಂದಿನ ಅಚ್ಚಿಗೆ ಲಾಕ್ ಹಾಕುವ ಒಂದು ಗುಂಡಿ. ನಾಲ್ಕು ಚಕ್ರಕ್ಕೆ ಹಸಿರು ದೀಪ, ಲಾಕಿಗೆ ಕಿತ್ತಳೆ ದೀಪ.

ಇಷ್ಟೆಲ್ಲ ಇದ್ದಮೇಲೆ ಇನ್ನೇನು ಭಯ, ಎಲ್ಲವನ್ನೂ ಹಾಕಿಕೊಂಡು ನುಗ್ಗಿಬಿಡೋದಲ್ವಾ ಅಂತ ಅನ್ನಿಸುತ್ತದೆ. ಹಾಗೆ ಅನ್ನಿಸಿದವರ ಜೀಪುಗಳೇ ಗ್ಯಾರೇಜಿನ ಹಿತ್ತಲಲ್ಲಿ ತುಕ್ಕು ಹಿಡಿದು ನಿಂತಿರುತ್ತವೆ.

ಇವರಿಗೂ ಮೊದಲು ಹಾಗೇ ಅನ್ನಿಸಿತ್ತು. ಆಗ ಇವರು ಉಪಕೇಂದ್ರದಲ್ಲಿ ನೆಲ ಒರೆಸುವ, ಬಾಟಲಿ ತೊಳೆಯುವ ಆಯಾ. ಮದುವೆಗೆ ಮುಂಚೆ ಇಟ್ಟಿಗೆ ಗೂಡಿನಲ್ಲಿ ಟ್ರ್ಯಾಕ್ಟರ್ ಓಡಿಸಿದ್ದರಿಂದ ಕೈಯಲ್ಲೊಂದು ಲೈಸೆನ್ಸಿತ್ತು. ಇದ್ದ ಡ್ರೈವರ್ ಒಂದು ಮಳೆಗಾಲದ ನಡುವೆ, "ಈ ದಾರೀಲಿ ನನ್ನ ಕೈಲಾಗಲ್ಲ" ಅಂತ ಬೀಗದ ಕೈ ಮೇಜಿನ ಮೇಲಿಟ್ಟು ಹೋದ. ಮೂರು ವಾರ ಯಾರೂ ಬರಲಿಲ್ಲ. ರೋಗಿಗಳನ್ನು ಕುರ್ಚಿಯಲ್ಲಿ ಕೂರಿಸಿ ಹೊತ್ತು ಇಳಿಸುವುದನ್ನು ನೋಡಲಾರದೆ ಇವರೇ ಬೀಗದ ಕೈ ಎತ್ತಿಕೊಂಡರು. "ಒರೆಸೋ ಬಟ್ಟೆ ಕೆಳಗಿಟ್ಟೆ, ಸ್ಟೀರಿಂಗ್ ಹಿಡ್ದೆ. ಅಷ್ಟೇ. ಯಾರನ್ನೂ ಕೇಳಲಿಲ್ಲ. ಕೇಳಿದ್ರೆ ಬೇಡ ಅಂತಿದ್ರು."

ಎರಡು ತಿಂಗಳು ಸರಿಯಾಗೇ ನಡೆಯಿತು. ಆಮೇಲೊಂದು ದಿನ, ದಾರಿಯ ಮೂರನೇ ಕಿಲೋಮೀಟರಿನಲ್ಲಿರುವ ಹೊಂಡದಲ್ಲಿ ಜೀಪು ಹೂತುಕೊಂಡಿತು. ಚಿಕ್ಕ ಗೇರು ಲೋಗೆ ಹಾಕಿ, ಲಾಕನ್ನೂ ಹಾಕಿ, ಹೇಗೋ ಮೇಲೆ ಬಂದರು. ಬಂದ ಖುಷಿಯಲ್ಲಿ ಲೋ ತೆಗೆದು ಹೈ ಮಾಡಿದರು, ಲಾಕ್ ತೆಗೆಯಲು ಮರೆತರು. ಎರಡೂ ದೀಪ ಉರಿಯುತ್ತಿದ್ದವು, ಕಣ್ಣು ದಾರಿಯ ಮೇಲಿತ್ತು. ಎರಡನ್ನೂ ತೆಗೆಯದೆ ಡಾಂಬರು ಹತ್ತಿ, ನೀರಿನ ಟ್ಯಾಂಕಿನ ಹತ್ತಿರದ ತಿರುವಿನಲ್ಲಿ ಸ್ಟೀರಿಂಗ್ ತಿರುಗಿಸಿದರೆ ಜೀಪು ತಿರುಗಲೇ ಇಲ್ಲ. ನೆಟ್ಟಗೆ ಹೋಗಿ ಮೋಟುಗೋಡೆಗೆ ಗುದ್ದಿತು. ಗುದ್ದುವುದಕ್ಕೆ ಮುಂಚೆಯೇ ಕಾಲ ಕೆಳಗೆ ಪಟಾರನೆ ಏನೋ ಒಡೆದಿತ್ತು.

ಯಾರಿಗೂ ಪೆಟ್ಟಾಗಲಿಲ್ಲ. ಆದರೆ ಜೀಪು ನಲವತ್ತೊಂದು ದಿನ ಗ್ಯಾರೇಜಿನಲ್ಲಿ ನಿಂತಿತು. ಆಗ ಡಯಾಲಿಸಿಸ್‌ಗೆ ಹೋಗುತ್ತಿದ್ದವರಲ್ಲಿ ಒಬ್ಬ ಅಜ್ಜಿ ಇದ್ದರು. ಅಷ್ಟು ದಿನ ಹೊತ್ತು ಓಡಾಡಿಸಲು ಆಗದೆ, ಮಗ ಅವರನ್ನು ಪೇಟೆಯ ನೆಂಟರ ಮನೆಯ ಹಿಂದಿನ ಕೋಣೆಗೆ ಸಾಗಿಸಿದ. ಅಜ್ಜಿ ದಿನಾ, "ನನ್ನನ್ನ ಮನೆಗೆ ಯಾವಾಗ ಕರ್ಕೊಂಡು ಹೋಗ್ತೀರಿ?" ಅಂತ ಕೇಳುತ್ತಿದ್ದರಂತೆ. ಮೂವತ್ತೆಂಟನೇ ದಿನ ಅಲ್ಲೇ ತೀರಿಹೋದರು.

"ಡಾಕ್ಟ್ರು ಹೇಳಿದ್ರು, ಅವರಿಗೆ ಹೇಗಿದ್ರೂ ಹೃದಯ ಸರಿ ಇರಲಿಲ್ಲ ಅಂತ. ಇರಬಹುದು. ಆದ್ರೆ ಅವರು ತಮ್ಮ ಹಾಸಿಗೇಲಿ ಹೋಗಬೇಕಿತ್ತು. ಬೇರೆಯವರ ಮನೆ ಕೋಣೇಲಿ ಹೋದ್ರಲ್ಲ, ಅದು ನನ್ನ ತಪ್ಪು. ಆರೋಗ್ಯ ಇಲಾಖೆ ಆಫೀಸಿಗೂ ಅದನ್ನೇ ಬರೆದುಕೊಟ್ಟೆ. ಲಾಕ್ ತೆಗೆಯೋದು ಮರೆತೆ ಅಂತ." ಇದನ್ನು ಹೇಳುವಾಗ ಇವರು ಕಣ್ಣು ತಗ್ಗಿಸುವುದಿಲ್ಲ. ಹನ್ನೊಂದು ವರ್ಷವಾದರೂ ಆ ನೋವು ಆರಿಲ್ಲ, ಆರಲಿ ಅಂತ ಇವರಿಗೆ ಆಸೆಯೂ ಇದ್ದ ಹಾಗಿಲ್ಲ.

ಗ್ಯಾರೇಜಿನಲ್ಲಿ ಎಲ್ಲರೂ ತಾತ ಅಂತ ಕರೆಯುವ ಹಳೆಯ ಮೆಕ್ಯಾನಿಕ್ ಇದ್ದ. ಬಾಯಿ ಜೋರು. ಟ್ರಾನ್ಸ್‌ಫರ್ ಕೇಸ್ ಬಿಚ್ಚಿ, ಮುರಿದ ಗೇರಿನ ಒಂದು ಹಲ್ಲನ್ನು ಇವರ ಅಂಗೈಗೆ ಹಾಕಿ, "ಇದನ್ನ ಮುರಿಯೋಕೆ ಆನೆ ಬೇಕು. ನೀನು ಹೇಗಮ್ಮಾ ಮುರಿದೆ?" ಅಂದ. ಆ ನಲವತ್ತೊಂದು ದಿನವೂ ಇವರು ಗುಡ್ಡ ಇಳಿದು ಗ್ಯಾರೇಜಿಗೆ ಹೋದರು. ತಾತ ಮೊದಲು ಬೈದ, ಆಮೇಲೆ ಪಾನಾ ಕೈಗೆ ಕೊಟ್ಟ. ಕೊನೆಗೆ ಬೇರೊಂದು ಜೀಪಿನ ನಾಲ್ಕೂ ಚಕ್ರಗಳನ್ನು ಮರದ ದಿಮ್ಮಿಯ ಮೇಲೆ ಎತ್ತಿ ನಿಲ್ಲಿಸಿ, ಒಂದೊಂದೇ ಗೇರು ಹಾಕಿ, ಯಾವ ಚಕ್ರ ತಿರುಗುತ್ತದೆ ಅಂತ ಕೆಳಗೆ ಕೂತು ನೋಡಲು ಹೇಳಿದ.

ತಾತನ ಪಾಠ ಇವರಿಗೆ ಈಗಲೂ ಬಾಯಿಪಾಠ. ಡಿಫರೆನ್ಷಿಯಲ್ ಅನ್ನುವ ಭಾಗ ಎಡ, ಬಲ ಎರಡು ಚಕ್ರಗಳಿಗೆ ಶಕ್ತಿ ಹಂಚುತ್ತದೆ. ಅದರ ಸ್ವಭಾವವೇ ವಿಚಿತ್ರ. "ಒಂದು ಚಕ್ರ ಕೆಸರಲ್ಲಿ ಸುಮ್ನೆ ಗರಗರ ಸುತ್ತುತ್ತಿದ್ರೆ ಇರೋ ಬರೋ ಶಕ್ತಿಯೆಲ್ಲ ಅದಕ್ಕೇ ಕೊಡುತ್ತೆ. ಗಟ್ಟಿ ನೆಲದ ಮೇಲಿರೋ ಚಕ್ರ ಉಪವಾಸ. ನಮ್ಮ ಮನೇಲಿ ಕೆಲಸಗೇಡಿ ಮೈದುನನಿಗೇ ಮೊದಲು ಬಡಿಸ್ತಿದ್ರಲ್ಲ, ಹಾಗೆ," ಅನ್ನುತ್ತಾರೆ. ಲಾಕ್ ಹಾಕಿದರೆ ಆ ಎರಡು ಚಕ್ರ ಒಟ್ಟಿಗೇ ತಿರುಗಬೇಕು, ಒಂದು ಬಿಟ್ಟು ಒಂದಿಲ್ಲ. "ಶಾಲೇಲಿ ಇಬ್ಬರ ಕಾಲು ಸೇರಿಸಿ ಕಟ್ಟಿ ಓಡಿಸ್ತಾರಲ್ಲ, ಮೂರು ಕಾಲಿನ ಓಟ, ಅದೇ. ನೆಟ್ಟಗೆ ಓಡಬಹುದು. ತಿರುಗೋಕೆ ಹೋದ್ರೆ ಇಬ್ಬರೂ ಬೀಳ್ತಾರೆ."

ಮುಂದಿನ ಚಕ್ರಕ್ಕೂ ಹಿಂದಿನ ಚಕ್ರಕ್ಕೂ ಇದೇ ಕಥೆ. ತಿರುವಿನಲ್ಲಿ ಮುಂದಿನವು ಹೆಚ್ಚು ದೂರ ಹೋಗಬೇಕು, ಹಿಂದಿನವು ಕಡಿಮೆ. ಕೆಸರಾದರೆ ಚಕ್ರ ಒಂಚೂರು ಜಾರಿ ಆ ಹೆಚ್ಚುಕಮ್ಮಿ ಸರಿಹೋಗುತ್ತದೆ. ಡಾಂಬರು ಜಾರಲು ಬಿಡುವುದಿಲ್ಲ. ಆಗ ಎರಡೂ ಕಡೆಯ ಎಳೆದಾಟವೆಲ್ಲ ಪೆಟ್ಟಿಗೆಯ ಹಲ್ಲುಗಳ ಮೇಲೆ ಬೀಳುತ್ತದೆ, ಒದ್ದೆ ಬಟ್ಟೆ ಹಿಂಡಿದ ಹಾಗೆ ಒಳಗೆ ಬಿಗಿ ಏರುತ್ತದೆ. ಚಿಕ್ಕ ಗೇರು ಕಚ್ಚಿಕೊಂಡು ಬಿಡುವುದೇ ಇಲ್ಲ. ಎರಡು ಕೈ ಹಾಕಿ ಎಳೆದರೆ ಮುರಿಯುತ್ತದೆ. ನೆಟ್ಟಗೆ ಹಿಂದಕ್ಕೆ ಹೋದರೆ, ಸುತ್ತಿಕೊಂಡದ್ದು ಬಿಚ್ಚಿಕೊಂಡು ಗೇರು ತಾನಾಗಿ ಸಡಿಲವಾಗುತ್ತದೆ. ಹನ್ನೆರಡು ಅಡಿಯ ಗುಟ್ಟು ಇಷ್ಟೇ. ಡಾಂಬರಿನ ಅಂಚಿನ ಕಲ್ಲಿಗೆ ಸುಣ್ಣ ಬಳಿದವರು ಇವರೇ, ಪ್ರತಿ ಮಳೆಗಾಲಕ್ಕೆ ಮುಂಚೆ ಹೊಸದಾಗಿ ಬಳಿಯುತ್ತಾರೆ. ಮುರಿದ ಹಲ್ಲು ಇವತ್ತಿಗೂ ಸ್ಟೀರಿಂಗ್ ಹಿಂದಿನ ತಟ್ಟೆಯಲ್ಲಿದೆ, ಜೀಪು ಕುಲುಕಿದಾಗಲೆಲ್ಲ ಸದ್ದು ಮಾಡುತ್ತದೆ.

ಹೊಂಡದ ಹತ್ತಿರ ಇವರದ್ದು ಇನ್ನೊಂದು ಪದ್ಧತಿ. ಹೊಂಡ ಬರುವ ಮುಂಚೆಯೇ ಜೀಪು ನಿಲ್ಲುತ್ತದೆ. ಮೊಣಕಾಲುದ್ದದ ರಬ್ಬರ್ ಬೂಟಿನಲ್ಲಿ ಇಳಿದು, ಕೋಲಿನಿಂದ ಕೆಸರು ಚುಚ್ಚುತ್ತಾ ಆಚೆ ದಡದವರೆಗೆ ನಡೆದು ವಾಪಸ್ ಬರುತ್ತಾರೆ. ನಿಂತಲ್ಲೇ ಲೋ, ನಿಂತಲ್ಲೇ ಲಾಕ್. ಕಿತ್ತಳೆ ದೀಪ ಮಿಣುಕುವುದು ಬಿಟ್ಟು ಸ್ಥಿರವಾದ ಮೇಲೆ, ಮೊದಲನೇ ಗೇರಿನಲ್ಲಿ, ಕ್ಲಚ್ಚಿನಿಂದ ಕಾಲು ತೆಗೆದು, ನೆಟ್ಟಗೆ ಇಪ್ಪತ್ತು ಮೀಟರ್. ದಾಟಿದ ಕೂಡಲೇ ಲಾಕ್ ತೆಗೆದು, ದೀಪ ಆರುವವರೆಗೂ ಸ್ಟೀರಿಂಗ್ ಅಲ್ಲಾಡಿಸುವುದಿಲ್ಲ. "ಹೂತ್ಕೊಂಡ ಮೇಲೆ ಲಾಕ್ ಹಾಕೋದಲ್ಲ. ಚಕ್ರ ಗರಗರ ಸುತ್ತುವಾಗ ಹಾಕಿದ್ರಂತೂ ಒಳಗೆ ಚೂರು ಚೂರು. ಮುಳುಗಿದ ಮೇಲೆ ಈಜು ಕಲಿಯೋಕಾಗುತ್ತಾ?"

ಹೋದ ವರ್ಷದ ಮಳೆಗಾಲದಲ್ಲಿ ಆಫೀಸಿನಿಂದ ಒಂದು ಕಾಗದ ಬಂತು. ಜೀಪಿಗೆ ಇಪ್ಪತ್ತೆರಡು ವರ್ಷ ತುಂಬಿದೆ, ಬಿಡಿಭಾಗ ಸಿಗುತ್ತಿಲ್ಲ, ಅಧಿಕಾರಿಯೊಬ್ಬರು ಬಂದು ನೋಡಿ ಗುಜರಿಗೆ ಹಾಕುವ ಬಗ್ಗೆ ವರದಿ ಕೊಡುತ್ತಾರೆ ಅಂತ. ಬದಲಿ ಜೀಪಿನ ಮಾತೇ ಇರಲಿಲ್ಲ. ರೋಗಿಗಳು ಪೇಟೆಯಲ್ಲಿ ವಾಸಕ್ಕೆ ಏರ್ಪಾಡು ಮಾಡಿಕೊಳ್ಳುವುದು ಒಳ್ಳೆಯದು ಅಂತ ಕೊನೆಯ ಸಾಲಿತ್ತು. ಆ ಸಾಲು ಓದಿ ಮೇಷ್ಟ್ರು ಕನ್ನಡಕ ತೆಗೆದಿಟ್ಟರು. ಬಡಗಿ, "ನನ್ನ ಉಳಿ ಬಾಚಿ ಎಲ್ಲಾ ಹೊತ್ಕೊಂಡು ಎಲ್ಲಿಗೆ ಹೋಗ್ಲಿ?" ಅಂದ. ರಿವರ್ಸ್ ಅಕ್ಕನಿಗೆ ನೆನಪಾದದ್ದು ಆ ಅಜ್ಜಿ ಮಲಗಿದ್ದ ಹಿಂದಿನ ಕೋಣೆ. "ಇನ್ನೊಂದು ಸಲ ಹಾಗಾಗೋಕೆ ಬಿಡಲ್ಲ ಅಂತ ಅವತ್ತೇ ತೀರ್ಮಾನ ಮಾಡಿದೆ. ಹೇಗೆ ಅಂತ ಗೊತ್ತಿರಲಿಲ್ಲ."

ಅಧಿಕಾರಿ ಬಂದು, ರೋಗಿಗಳ ಜೊತೆ ಜೀಪು ಹತ್ತಿದ್ದು ಒಂದು ಬುಧವಾರ. ಸೋಮವಾರ ದಾರಿಗೆ ಮರ ಬಿದ್ದು ಯಾರೂ ಡಯಾಲಿಸಿಸ್‌ಗೆ ಹೋಗಲಾಗಿರಲಿಲ್ಲ. ಬಡಗಿ, ಅಂಗಡಿಯಮ್ಮ ಹೇಗೋ ತಡೆದುಕೊಂಡಿದ್ದರು. ಮೇಷ್ಟ್ರ ಎದೆಯಲ್ಲಿ ನೀರು ತುಂಬಿ, ಮಲಗಲೂ ಆಗದೆ, ಮುಂದಿನ ಸೀಟಿನಲ್ಲಿ ನೆಟ್ಟಗೆ ಕೂತು ಏದುಸಿರು ಬಿಡುತ್ತಿದ್ದರು. ಹಿಂದಿನಿಂದ ಸಿಸ್ಟರ್ ಆಮ್ಲಜನಕದ ನಳಿಕೆ ಹಿಡಿದಿದ್ದಳು. ಹೊಂಡದ ಹತ್ತಿರ ಡ್ರೈವರಮ್ಮ ಇಳಿದು ಕೋಲು ಚುಚ್ಚುತ್ತಾ ನಡೆದಾಗ ಅಧಿಕಾರಿ ಗಡಿಯಾರ ನೋಡಿಕೊಂಡರು. ಬಿದ್ದ ಮರವನ್ನು ಬಳಸಿಕೊಂಡು ಹೋಗಲು ಬಂಡೆಗಲ್ಲಿನ ಮೇಲೆ ಎರಡು ಸಲ ಸ್ಟೀರಿಂಗ್ ಪೂರ್ತಿ ತಿರುಗಿಸಬೇಕಾಯಿತು. ನಾಲ್ಕೂ ಚಕ್ರ ಹಾಕಿದ್ದಾಗಲೇ. ಒಳಗೆ ಬಿಗಿ ಏರುತ್ತಿರುವುದು ಇವರ ಅಂಗೈಗೆ ಗೊತ್ತಾಯಿತು.

ಬಿಳಿ ಕಲ್ಲಿನ ಹತ್ತಿರ ನಿಲ್ಲಿಸಿ ಹನ್ನೆರಡು ಅಡಿ ಹಿಂದಕ್ಕೆ ಹೋದರು. ಚಿಕ್ಕ ಗೇರು ಜಪ್ಪಯ್ಯ ಅನ್ನಲಿಲ್ಲ. ಹಸಿರು ದೀಪ ಹಾಗೇ ಉರಿಯುತ್ತಿತ್ತು.

ಅಧಿಕಾರಿಗೆ ತಾಳ್ಮೆ ತಪ್ಪಿತು. "ಇನ್ನು ಹನ್ನೊಂದು ಕಿಲೋಮೀಟರ್ ಅಲ್ವೇನಮ್ಮಾ? ದೀಪ ಉರಿದ್ರೆ ಉರೀಲಿ, ಹೊಡೀರಿ. ಮನುಷ್ಯ ಮುಖ್ಯವೋ ಗೇರು ಮುಖ್ಯವೋ?"

"ಎರಡು ನಿಮಿಷ ಇಲ್ಲಿ ನಿಲ್ತೀವಿ ಸಾರ್. ಇಲ್ಲಾಂದ್ರೆ ಆ ತಿರುವಲ್ಲಿ ಪೆಟ್ಟಿಗೆ ಒಡೆದು ಎರಡು ಗಂಟೆ ನಿಲ್ತೀವಿ. ಮೇಷ್ಟ್ರಿಗೆ ಎರಡು ಗಂಟೆ ಇಲ್ಲ," ಅಂದರು ಇವರು.

ಹಾಗೆ ಅಂದರೂ ಬೆನ್ನಲ್ಲಿ ಬೆವರು ಇಳಿಯುತ್ತಿತ್ತು. ಪಕ್ಕದಲ್ಲಿ ಮೇಷ್ಟ್ರ ಉಸಿರು ಗರಗಸ ಎಳೆದ ಹಾಗೆ ಕೇಳುತ್ತಿತ್ತು. ಹೊಡೆದುಬಿಡಲಾ ಅಂತ ಒಂದು ಕ್ಷಣ ತಮಗೂ ಅನ್ನಿಸಿತು ಅಂತ ಇವರು ಒಪ್ಪಿಕೊಳ್ಳುತ್ತಾರೆ. ಆಗ ಮೇಷ್ಟ್ರು ಕೈ ಎತ್ತಿ, ಪೂರ್ತಿ ಮಾತಾಡಲಾಗದೆ, ಬೆರಳಿಂದ ಹಿಂದಕ್ಕೆ ತೋರಿಸಿದರು. ಎರಡನೇ ಸಲ ಹಿಂದಕ್ಕೆ. ದೀಪ ಆರಲಿಲ್ಲ. ಮೂರನೇ ಸಲ, ಸ್ಟೀರಿಂಗ್ ಕೂದಲೆಳೆಯಷ್ಟೂ ಓರೆಯಾಗದಂತೆ, ಹನ್ನೆರಡರ ಬದಲು ಇಪ್ಪತ್ತು ಅಡಿ. ಕಾಲ ಕೆಳಗೆ ಧಡಕ್ ಅಂತ ಸದ್ದಾಯಿತು. ಚಿಕ್ಕ ಗೇರು ಎರಡೇ ಬೆರಳಿಗೆ ಬಂತು, ದೀಪ ಆರಿತು. ಏಳೂ ಇಪ್ಪತ್ತಕ್ಕೆ ಅವರು ಆಸ್ಪತ್ರೆಯ ಬಾಗಿಲಲ್ಲಿದ್ದರು.

ಮೇಷ್ಟ್ರು ಇವತ್ತು ಛತ್ರಿ ಹಿಡಿದು ಬಂದವರಲ್ಲಿ ಮೊದಲಿಗರು. "ನನ್ನ ಮೂವತ್ತಾರು ವರ್ಷದ ಕೆಲಸದಲ್ಲಿ, ಅವಸರ ಮಾಡಬೇಡಿ ಅಂತ ಮಕ್ಕಳಿಗೆ ಹೇಳಿದ್ದೇ ಹೇಳಿದ್ದು. ಅದನ್ನ ಮಾಡಿ ತೋರಿಸಿದವಳು ಇವಳೊಬ್ಬಳೇ," ಅನ್ನುತ್ತಾರೆ. ಅಧಿಕಾರಿ ವಾಪಸ್ ಹೋಗುವಾಗ ಜೀಪಿನ ಅಡಿಯಲ್ಲಿ ತೂರಿ, ಪೆಟ್ಟಿಗೆಯಿಂದ ಒಂದು ಹನಿ ಎಣ್ಣೆಯೂ ಸೋರದಿರುವುದನ್ನು ನೋಡಿ, ಬಟ್ಟೆಗೆ ಅಂಟಿದ ಕೆಸರು ಒರೆಸಿಕೊಳ್ಳುತ್ತಾ ಹೋದರು. ವರದಿ ಬಂದದ್ದು ಈ ಬೇಸಿಗೆಯಲ್ಲಿ. ಜೀಪು ಇನ್ನೂ ಮೂರು ವರ್ಷ ಓಡಬಹುದು. ಒಂದೇ ಷರತ್ತು, ಈ ಚಾಲಕಿಯಂತೆಯೇ ಓಡಿಸಬಲ್ಲ ಎರಡನೆಯವರು ಮಳೆಗಾಲದೊಳಗೆ ತಯಾರಾಗಬೇಕು. ಒಬ್ಬರ ಮೇಲೆ ಇಷ್ಟು ಜನರ ಬದುಕು ನಿಲ್ಲಬಾರದು ಅಂತ ಬರೆದಿದ್ದರು. ಮಾತು ಸರಿಯಾಗಿಯೇ ಇದೆ. ಇವರ ಎಡ ಮೊಣಕಾಲು ಕ್ಲಚ್ಚು ತುಳಿದು ತುಳಿದು ಸವೆದಿದೆ, ಮುಂದಿನ ವರ್ಷ ಶಸ್ತ್ರಚಿಕಿತ್ಸೆ ಅಂತ ಡಾಕ್ಟರ್ ಹೇಳಿದ್ದಾರೆ.

ಯಾರೂ ಮುಂದೆ ಬರದಿದ್ದಾಗ ಸಿಸ್ಟರ್ ಕೈ ಎತ್ತಿದಳು. ಬೇಸಿಗೆ ಪೂರ್ತಿ ಖಾಲಿ ಜೀಪಿನಲ್ಲಿ, ನೀರು ಹೊಯ್ದು ಮಾಡಿದ ಕೆಸರಿನಲ್ಲಿ ಕಲಿತಳು. ಇವರು ತಾತನ ಹಾಗೆಯೇ ಬೈದರಂತೆ. "ತಾತನಿಗಿಂತ ಜಾಸ್ತಿ," ಅನ್ನುತ್ತಾಳೆ ಸಿಸ್ಟರ್.

ಇವತ್ತು ಮೊದಲ ಸಲ ರೋಗಿಗಳನ್ನು ಕೂರಿಸಿಕೊಂಡು ಸಿಸ್ಟರ್ ಓಡಿಸುತ್ತಿದ್ದಾಳೆ. ಮೇಷ್ಟ್ರು ಮುಂದಿನ ಸೀಟು ಬಿಟ್ಟುಕೊಟ್ಟು ಹಿಂದೆ ಹೋಗಿದ್ದಾರೆ. ರಿವರ್ಸ್ ಅಕ್ಕ ಎರಡೂ ಕೈ ಮೊಣಕಾಲ ಮೇಲಿಟ್ಟು, ತುಟಿ ಬಿಗಿದು ಕೂತಿದ್ದಾರೆ. "ಇವತ್ತು ನಾನು ಬಾಯಿ ಬಿಡಲ್ಲ. ನಾನು ಹೇಳಿ ಮಾಡ್ಸಿದ್ರೆ ಅದು ನಾನು ಓಡಿಸಿದ ಹಾಗೇ," ಅಂತ ಹೊರಡುವ ಮುಂಚೆಯೇ ಹೇಳಿದ್ದಾರೆ. ಇವರಿಗೆ ಒಂದು ಸಣ್ಣ ಆಸೆಯೂ ಇದೆ. "ಹನ್ನೊಂದು ವರ್ಷ ಓಡಾಡಿದ ದಾರಿ. ಪಕ್ಕಕ್ಕೆ ಏನಿದೆ ಅಂತ ನೋಡೇ ಇಲ್ಲ. ಒಂದಿನ ಸುಮ್ನೆ ಕೂತು ಕಿಟಕೀಲಿ ನೋಡ್ಬೇಕು." ಇವತ್ತು ಕಿಟಕಿ ಪಕ್ಕದಲ್ಲೇ ಇದೆ, ಇವರ ಕಣ್ಣು ಮಾತ್ರ ದೀಪಗಳ ಮೇಲಿದೆ.

ಹೊಂಡದಲ್ಲಿ ಸಿಸ್ಟರ್ ಇಳಿಯುತ್ತಾಳೆ, ಕೋಲು ಚುಚ್ಚುತ್ತಾಳೆ, ಹತ್ತಿ ಕೂರುತ್ತಾಳೆ. ಲೋ. ಲಾಕ್. ದೀಪ ಸ್ಥಿರವಾಗುವವರೆಗೆ ಕಾಯುತ್ತಾಳೆ. ಇಪ್ಪತ್ತು ಮೀಟರ್ ನೆಟ್ಟಗೆ ಹೋಗಿ, ಲಾಕ್ ತೆಗೆಯುತ್ತಾಳೆ. ಕಿತ್ತಳೆ ದೀಪ ಆರುತ್ತದೆ. ಅಂಗಡಿಯಮ್ಮ ಹಿಡಿದಿಟ್ಟ ಉಸಿರು ಬಿಡುವುದು ಹಿಂದಿನಿಂದ ಕೇಳಿಸುತ್ತದೆ.

ಬಿಳಿ ಕಲ್ಲು ಬರುತ್ತದೆ. ಕೆಟ್ಟದ್ದೆಲ್ಲ ದಾಟಿತು ಅನ್ನುವ ಸಮಾಧಾನ ಸಿಸ್ಟರ್ ಮುಖದಲ್ಲಿ ಕಾಣುತ್ತದೆ. ಜೀಪು ನಿಲ್ಲಿಸಿ ಚಿಕ್ಕ ಗೇರು ಎಳೆಯುತ್ತಾಳೆ. ಅದು ಬರುವುದಿಲ್ಲ. ಇನ್ನೊಂದು ಕೈಯನ್ನೂ ಸೇರಿಸುತ್ತಾಳೆ. ಪಕ್ಕದಲ್ಲಿ ರಿವರ್ಸ್ ಅಕ್ಕನ ಬೆರಳುಗಳು ಸೀರೆಯ ನೆರಿಗೆಯನ್ನು ಮುದ್ದೆ ಮಾಡಿ ಹಿಡಿದಿವೆ. ತುಟಿ ಬಿಚ್ಚುವುದಿಲ್ಲ.

"ಸಿಸ್ಟರ್, ಹಿಂದಕ್ಕೆ."

ಹೇಳಿದ್ದು ಒಬ್ಬರಲ್ಲ. ಮೇಷ್ಟ್ರು, ಬಡಗಿ, ಅಂಗಡಿಯಮ್ಮ, ಮೂವರೂ ಒಟ್ಟಿಗೆ ಹೇಳಿದ್ದಾರೆ. ಸಿಸ್ಟರ್ ನಾಲಿಗೆ ಕಚ್ಚಿಕೊಳ್ಳುತ್ತಾಳೆ. ಜೀಪು ಬಂದ ದಾರಿಗೇ ಮೆಲ್ಲಗೆ, ನೆಟ್ಟಗೆ, ಹನ್ನೆರಡು ಅಡಿ ಹಿಂದಕ್ಕೆ ಹೋಗುತ್ತದೆ. ಚಿಕ್ಕ ಗೇರು ಎರಡು ಬೆರಳಿಗೆ ಸಿಗುತ್ತದೆ. ಹಸಿರು ದೀಪ ಆರುತ್ತದೆ.

ರಿವರ್ಸ್ ಅಕ್ಕ ಸೀರೆಯ ನೆರಿಗೆ ಬಿಟ್ಟು, ಅಂಗೈಯಿಂದ ಅದನ್ನು ಸವರಿ ಸರಿಮಾಡಿಕೊಳ್ಳುತ್ತಾರೆ. ನೀರಿನ ಟ್ಯಾಂಕಿನ ತಿರುವು ದಾಟಿದ ಮೇಲೆ, ಜೀಪು ಹೊರಟ ಮೇಲಿನ ಮೊದಲ ಮಾತಾಡುತ್ತಾರೆ.

"ಒಬ್ಬಳನ್ನ ತಯಾರು ಮಾಡು ಅಂದಿದ್ರು. ನಾಲ್ಕು ಜನ ಆಗಿದ್ದಾರೆ."

ಆಮೇಲೆ ಮುಖ ತಿರುಗಿಸಿ ಕಿಟಕಿಯಿಂದ ಹೊರಗೆ ನೋಡುತ್ತಾರೆ.